ಕಳ್ಳ ಆದಂನ ಮೆಟ್ಟಿಲು

ನನ್ನ ಹೆಸರು ಕೇಳಿಕೊಂಡು ಒಬ್ಬ ಹೆಂಗಸು ಬಹರೈನ್ ಇಡೀ ತಿರುಗುತ್ತಿದ್ದಾಳೆ ಎಂಬ ಸುದ್ದಿ ತಂದವನು ಪ್ರವೀಣ್. ಅವನು ಅವಾಲಿಯಲ್ಲಿ ಸಾಹೇಬರೊಬ್ಬರ ಕಾರು ಓಡಿಸುತ್ತಾನೆ. ಬುಧವಾರ ಸಂಜೆ ಹೊಸ ಪ್ಯಾಂಟಿನ ಕಾಲು ಗಿಡ್ಡ ಮಾಡಿಸಲು ಸನದ್‌ನ ನಮ್ಮ ಟೈಲರ್ ಅಂಗಡಿಗೆ ಬಂದಿದ್ದ. ನಾನು ಟೇಪು ಹಿಡಿದು ಬಗ್ಗಿದ್ದಾಗ ತಲೆಯ ಮೇಲಿಂದ ಹೇಳಿದ.

"ನಮ್ಮಲ್ಲಿ ಮೆಕ್ಯಾನಿಕ್ ಚೆನ್ನಪ್ಪ ಇದ್ದಾನಲ್ಲ, ಅವನ ಹತ್ರ ಬಂದಿದ್ಲಂತೆ. ಊರು ಯಾವ್ದು, ಬಂದು ಎಷ್ಟು ವರ್ಷ ಆಯ್ತು, ಮೊದ್ಲು ಮನಾಮದಲ್ಲಿ ಇದ್ರಾ ಅಂತ ಎಲ್ಲ ಕೇಳಿದ್ಲಂತೆ. ಕಡೆಗೆ ಸಿಪಿಆರ್ ತೋರ್ಸಿ ಅಂದ್ಲಂತೆ."

"ತೋರಿಸಿದ್ನಾ?"

"ತೋರಿಸ್ದ. ಸರಿಯಾಗಿ ನೋಡಿ, ನೀವಲ್ಲ ಅಂತ ಹೇಳಿ ಹೋದ್ಲಂತೆ. ಚೆನ್ನಪ್ಪಣ್ಣ, ನಿಮ್ಮ ಮೇಲೆ ಎಂತಾದ್ರೂ ಕೇಸು ಉಂಟಾ?"

ಪಿನ್ನು ಅವನ ಕಾಲಿಗೆ ಚುಚ್ಚಿತು. ಬೇಕೆಂದೇ ಚುಚ್ಚಿದ್ದಲ್ಲ.

ಸಿಪಿಆರ್ ಎಂದರೆ ಇಲ್ಲಿ ಗುರುತಿನ ಕಾರ್ಡು. ಅದನ್ನು ಪೊಲೀಸರು ಕೇಳುತ್ತಾರೆ, ಲೇಬರ್ ಇನ್‌ಸ್ಪೆಕ್ಟರು ಕೇಳುತ್ತಾರೆ. ದಾರಿಯಲ್ಲಿ ಹೋಗುವ ಹೆಂಗಸರು ಕೇಳುವುದಿಲ್ಲ. ನನ್ನ ಪರ್ಮಿಟ್ಟಿನ ಪ್ರಕಾರ ನಾನು ಟೈಲರ್. ವಾರಕ್ಕೆ ಆರು ದಿನ ನಾನು ಟೈಲರೇ ಹೌದು. ಏಳನೆಯ ದಿನ, ಶುಕ್ರವಾರ ಬೆಳಿಗ್ಗೆ ಮಾತ್ರ, ಜನರನ್ನು ಕಟ್ಟಿಕೊಂಡು ಹಳೆಯ ಮನಾಮದ ಗಲ್ಲಿಗಳಲ್ಲಿ ನಡೆದು, ಬ್ರಿಟಿಷರ ಕಾಲದ ಕಥೆ ಹೇಳುತ್ತೇನೆ. ಹಾಗೆ ಹೇಳಲು ಈ ದೇಶದಲ್ಲಿ ಬೇರೆ ಲೈಸೆನ್ಸು ಬೇಕು. ಅದು ನನ್ನಲ್ಲಿಲ್ಲ. ಸಿಕ್ಕಿಬಿದ್ದರೆ ವೀಸಾ ಖಲ್ಲಾಸ್, ಟಿಕೇಟು ಕೈಗಿಟ್ಟು ಊರಿಗೆ ಅಟ್ಟುತ್ತಾರೆ. ನನಗೀಗ ಐವತ್ತೆಂಟು. ಊರಿಗೆ ಹೋಗಿ ಯಾರ ಪ್ಯಾಂಟು ಹೊಲಿಯಲಿ? ಅಲ್ಲಿ ಈಗ ಎಲ್ಲರೂ ರೆಡಿಮೇಡ್ ಹಾಕುತ್ತಾರೆ.

ಈ ನಡಿಗೆ ಶುರುವಾಗಿ ಆರು ವರ್ಷವಾಯಿತು. ನಾನು ಜಾಗ್ರತೆ ಮಾಡಿಲ್ಲ ಎಂದಲ್ಲ. ಬರುವವರಿಗೆಲ್ಲ ಮೊದಲೇ ತಾಕೀತು ಮಾಡುತ್ತೇನೆ: ನನ್ನ ಹೆಸರು ಯಾರೂ ಕೇಳಬಾರದು, ಮಾವ ಎಂದು ಕರೆದರೆ ಸಾಕು. ಯಾರಾದರೂ ನಿಲ್ಲಿಸಿ ವಿಚಾರಿಸಿದರೆ, ನಾವೆಲ್ಲ ಒಂದೇ ಮನೆಯವರು, ಮದುವೆಗೆ ಚಿನ್ನ ನೋಡಲು ಹೊರಟಿದ್ದೇವೆ ಎನ್ನಬೇಕು. ಒಮ್ಮೆ ನಿಜವಾಗಿಯೂ ಒಬ್ಬ ಪೊಲೀಸ್ ನಿಲ್ಲಿಸಿ, ಯಾರ ಮದುವೆ ಎಂದು ಹಿಂದಿಯಲ್ಲಿ ಕೇಳಿದ. ನಮ್ಮ ಲಿಲಿಯನ್ ಒಂದಡಿ ಮುಂದೆ ಬಂದು, "ನನ್ನದೇ" ಎಂದಳು. ಸಲ್ಮಾನಿಯಾದ ಆಸ್ಪತ್ರೆಯಲ್ಲಿ ಮೂವತ್ತು ವರ್ಷ ನರ್ಸಾಗಿ ಸವೆದವಳು, ತಲೆ ಪೂರ್ತಿ ಬೆಳ್ಳಗಾಗಿದೆ. ಪೊಲೀಸ್ ಮಬ್ರೂಕ್ ಎಂದು ಶುಭ ಹಾರೈಸಿ ಹೋದ.

ಗುರುವಾರ ಗೊತ್ತಿಲ್ಲದ ನಂಬರಿನಿಂದ ವಾಟ್ಸಾಪ್ ಬಂತು. ‘ನಾಳೆ ನಡಿಗೆಗೆ ಬರಬಹುದಾ ಅಂಕಲ್? ನಾನು ಸಫ್ನಾ.’ ಫೋಟೋದ ಜಾಗದಲ್ಲಿ ಒಂದು ಗುಲಾಬಿ ಹೂ. ಮುಖ ತೋರಿಸಲು ಮನಸ್ಸಿಲ್ಲದವರು ಹೂ ಹಾಕುತ್ತಾರೆ. ಬೇಡ ಎನ್ನಬಹುದಿತ್ತು, ಬೇಡ ಎಂದರೆ ಏನೋ ಮುಚ್ಚಿಡುತ್ತಿದ್ದಾನೆ ಎಂದಾಗುತ್ತದೆ. ಬರಲಿ, ಮುಖವಾದರೂ ನೋಡಿಟ್ಟುಕೊಳ್ಳುವ ಎಂದುಕೊಂಡು, ‘ಏಳೂವರೆಗೆ ಬಾಬ್ ಎದುರು’ ಎಂದು ಬರೆದೆ.

ಬಾಬ್ ಅಲ್ ಬಹರೈನ್ ಎಂಬ ಆ ಬಿಳಿ ಕಮಾನಿನಿಂದಲೇ ನಮ್ಮ ನಡಿಗೆ ಹೊರಡುವುದು. ಆ ದಿನ ಲಿಲಿಯನ್ ತನ್ನ ವಾರ್ಡಿನ ಇಬ್ಬರು ಹೊಸ ನರ್ಸುಗಳನ್ನು ಕರೆತಂದಿದ್ದಳು. ಬೆಂಗಳೂರಿನ ನವನೀತ್, ಯಶ್ಮಿತಾ ಮತ್ತು ಅವರ ಒಂಬತ್ತು ವರ್ಷದ ಮಗಳು ಖುಷಿ ಇದ್ದರು. ಅವರು ಬಂದದ್ದು ಎರಡನೆಯ ಸಲ, ಮಗಳ ಹಟಕ್ಕೆ. ಏಳು ಮುಕ್ಕಾಲಿಗೆ, ನಾನು ಬಾಯಿ ತೆರೆಯುವ ಹೊತ್ತಿಗೆ ಸರಿಯಾಗಿ ಅವಳು ಬಂದಳು.

ಮೂವತ್ತೈದರ ಹೆಂಗಸು. ಬೂದು ಬಣ್ಣದ ಅಬಾಯ, ಕಾಲಿಗೆ ನಡೆಯುವವರ ಶೂ. ಹೆಗಲ ಚೀಲವನ್ನು ಹೆಗಲಿಗೆ ಹಾಕದೆ ಎದೆಗೆ ಒತ್ತಿ ಹಿಡಿದಿದ್ದಳು. ಬಾಬಿನ ಎದುರು ನಿಂತವರೆಲ್ಲ ಮೊದಲು ಕಮಾನಿನ ಫೋಟೋ ತೆಗೆಯುತ್ತಾರೆ. ಇವಳು ನನ್ನ ಫೋಟೋ ತೆಗೆದಳು. ಕೇಳಲಿಲ್ಲ, ಹೇಳಲಿಲ್ಲ.

ನಾನು ಗಂಟಲು ಸರಿಮಾಡಿಕೊಂಡು ಪಾಠ ಶುರು ಮಾಡಿದೆ. ಈಗ ಕಾರುಗಳು ಓಡುವ ಈ ರಸ್ತೆಯ ಅಂಚಿನವರೆಗೂ ಆಗ ಸಮುದ್ರವಿತ್ತು. ದೋಣಿ ಇಳಿದವನು ನೇರ ಈ ಬಾಗಿಲಿಗೇ ಬರುತ್ತಿದ್ದ. ಬ್ರಿಟಿಷರ ಕಾಲದಲ್ಲಿ ಸರಕಾರದ ಆಫೀಸು ಈ ಕಮಾನಿನ ಎರಡು ಬದಿಯಲ್ಲಿತ್ತು.

"ಹಾಗಾದ್ರೆ ಇದು ಅವರ ಕಾಲೊನಿನಾ ಮಾವ?" ಎಂದ ನವನೀತ್.

"ಕಾಗದದ ಮೇಲೆ ಅಲ್ಲ. ಗದ್ದುಗೆ ಇಲ್ಲಿನ ಶೇಖ್‌ಗಳದ್ದು, ಸಲಹೆ ಬ್ರಿಟಿಷರದ್ದು, ಬರೆಯುವ ಗುಮಾಸ್ತರು ನಮ್ಮ ಇಂಡಿಯಾದವರು. ಅಂಚೆಚೀಟಿಯಲ್ಲಿ ಲಂಡನಿನ ರಾಜನ ತಲೆ, ಅದರ ಮೇಲೆ ಬಹರೈನ್ ಅಂತ ಮುದ್ರೆ, ಬೆಲೆ ಮಾತ್ರ ಆಣೆ ರೂಪಾಯಿಯಲ್ಲಿ."

ಎಲ್ಲರೂ ನಕ್ಕರು. ಅವಳು ನಗಲಿಲ್ಲ. ಹತ್ತಿರ ಬಂದು ಕೇಳಿದಳು, "ಅಂಕಲ್, ನೀವು ಇಲ್ಲಿಗೆ ಬಂದು ಎಷ್ಟು ವರ್ಷ ಆಯ್ತು?"

"ತುಂಬ ಆಯ್ತು."

"ಮೊದ್ಲಿಂದಲೂ ಮನಾಮದಲ್ಲೇ ಇದ್ದದ್ದಾ?"

"ಅಲ್ಲಿ ಇಲ್ಲಿ."

"ಊರಲ್ಲಿ ಎಲ್ಲಿ ನಿಮ್ಮದು?"

"ಮಂಗಳೂರು ಸೈಡ್. ನಿಮ್ಮದು?"

"ನಮ್ದೂ ಮಂಗಳೂರು ಸೈಡ್."

ಕಾರವಾರದಿಂದ ಕಾಸರಗೋಡಿನವರೆಗಿನ ಯಾರೇ ಆಗಲಿ, ಊರು ಹೇಳಲು ಇಷ್ಟವಿಲ್ಲದಿದ್ದರೆ ಹೇಳುವ ಉತ್ತರ ಇದು. ನಾನು ಹೇಳಲಿಲ್ಲ, ಅವಳೂ ಹೇಳಲಿಲ್ಲ.

ಬಾಬಿನ ಹಿಂದೆ ಸೂಕ್ ಎಂಬ ಹಳೆಯ ಪೇಟೆಯ ಗಲ್ಲಿಗಳು ಶುರುವಾಗುತ್ತವೆ. ಬಟ್ಟೆ, ಮಸಾಲೆ, ಹಲ್ವ ದಾಟಿ ಬಲಕ್ಕೆ ತಿರುಗಿದರೆ ಲಿಟಲ್ ಇಂಡಿಯಾ ಎಂದು ಈಗ ಬೋರ್ಡು ಹಾಕಿದ ಕೇರಿ. ನಾವು ಬಂದಾಗ ಅದಕ್ಕೆ ಹೆಸರೇ ಇರಲಿಲ್ಲ. ಯಶ್ಮಿತಾ ಹಿಂದಿನ ವಾರ ಮುಹರಕ್ ಕಡೆಯ ಚೀನೀ ಮಾರ್ಕೆಟಿಗೆ ಹೋಗಿ ಬಂದಿದ್ದಳು. "ಆಕ್ಚುಯಲಿ ಅದು ಫುಲ್ ಚೈನಾ ಟೌನ್ ಥರ ಇದೆ ಮಾವ, ಡ್ರ್ಯಾಗನ್ ಎಲ್ಲಾ ಇಟ್ಟಿದ್ದಾರೆ. ಇವಳಿಗೆ ನೋಡಿ, ಅದು ಬೋರ್ ಅಂತೆ, ಇದೇ ಬೇಕಂತೆ."

"ಯಾಕಂದ್ರೆ ಇಲ್ಲಿ ಥೀಫ್ ಇದ್ದಾನೆ," ಎಂದಳು ಖುಷಿ.

ಸಫ್ನಾ ಕತ್ತು ತಿರುಗಿಸಿ ಮಗುವನ್ನು ನೋಡಿದಳು. ನಾನು ಬೇಗ ಬೇಗ ಎಲ್ಲರನ್ನೂ ದೇವಸ್ಥಾನದ ಎದುರಿಗೆ ನಡೆಸಿದೆ. ಸಿಂಧಿನಿಂದ ಬಂದ ಮುತ್ತಿನ ವ್ಯಾಪಾರಿಗಳು ಕಟ್ಟಿಸಿದ್ದು, ಇನ್ನೂರು ವರ್ಷ ಆಗಿದೆ ಎನ್ನುತ್ತಾರೆ ಎಂದು ಹೇಳುತ್ತಾ ಕಣ್ಣಂಚಿನಲ್ಲಿ ಅವಳನ್ನೇ ಕಾಯುತ್ತಿದ್ದೆ. ಅವಳು ದೇವಸ್ಥಾನವನ್ನು ನೋಡುತ್ತಿರಲಿಲ್ಲ. ಮೇಲಿನ ಅಂತಸ್ತುಗಳನ್ನು, ಮರದ ಹಳೆಯ ಬಾಲ್ಕನಿಗಳನ್ನು, ಬಾಗಿಲ ನಂಬರುಗಳನ್ನು ನೋಡುತ್ತಾ, ಕೈಯಲ್ಲಿದ್ದ ಒಂದು ಚೀಟಿಗೆ ತಾಳೆ ಹಾಕುತ್ತಿದ್ದಳು. ಸಮೋಸ ಕೊಟ್ಟರೆ ಬೇಡ ಎಂದಳು. ತನಿಖೆಗೆ ಬಂದವರು ಇನ್ನೊಬ್ಬರ ತಿಂಡಿ ಮುಟ್ಟುವುದಿಲ್ಲ ಎಂದು ಕೇಳಿದ್ದೆ.

ನವನೀತ್ ಅದೇ ಹೊತ್ತಿಗೆ ದೊಡ್ಡದಾಗಿ, "ಮಾವ, ನಿಮ್ಮ ಫೀಸ್ ಫೋನಲ್ಲೇ ಕಳಿಸ್ಲಾ?" ಎಂದ.

"ನಿಮ್ಮ ಸ್ವಂತ ಮಾವನಿಗೆ ಫೀಸು ಕೊಡ್ತೀರಾ? ನಾಚಿಕೆ ಆಗುದಿಲ್ವಾ?" ಎಂದು ರೇಗಿದೆ. ಆತ ಕಕ್ಕಾಬಿಕ್ಕಿಯಾದ. ಲಿಲಿಯನ್ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡಳು.

ಮುಂದಿನ ತಿರುವಿನಲ್ಲಿ ಆ ಮೆಟ್ಟಿಲು. ಎರಡು ಅಂಗಡಿಗಳ ನಡುವೆ ಕಿರಿದಾದ ಸಿಮೆಂಟು ಮೆಟ್ಟಿಲು, ಮೇಲೆ ಮೂರನೆಯ ಮಾಳಿಗೆಯಲ್ಲಿ ಒಂದು ರೂಮು. ಪ್ರತಿ ಶುಕ್ರವಾರ ಇಲ್ಲಿ ನಾನು ಹೇಳುವ ಕಥೆಗೇ ಅರ್ಧ ಜನ ಬರುವುದು. ಕಥೆ ಸುಳ್ಳಲ್ಲ. ಮೂವತ್ತೆರಡು ವರ್ಷದ ಹಿಂದೆ ಆ ರೂಮಿನಲ್ಲಿ ನಾವು ಎಂಟು ಜನ ಇದ್ದೆವು. ನನ್ನ ಮೇಲಿನ ಮಂಚದಲ್ಲಿ ಮಲಗುತ್ತಿದ್ದವನು ಉಚ್ಚಿಲದ ಆದಂ. ನನಗಿಂತ ಐದು ವರ್ಷ ದೊಡ್ಡವನು, ಮೀನು ಸಾರು ಅವನ ಹಾಗೆ ಮಾಡುವವರಿರಲಿಲ್ಲ. ನನಗೆ ಜ್ವರ ಬಂದಾಗ ಗಂಜಿ ಬೇಯಿಸಿ ಹಾಕಿದವನೂ ಅವನೇ. ಊರಿನಲ್ಲಿ ನನ್ನ ತಂಗಿ ಬೇಬಿಯ ಮದುವೆ ಗೊತ್ತಾಯಿತು. ಹುಡುಗ ಕೇಳಿದ್ದು ಒಂದೇ, ಫಾರಿನ್ನಿನಿಂದ ಒಂದು ಸೀಕೊ ವಾಚು. ಅದನ್ನು ತೆಗೆದುಕೊಂಡು, ಬಿಳಿ ಬಟ್ಟೆಯಲ್ಲಿಟ್ಟು ನಾನೇ ಹೊಲಿದು, ರಜೆಗೆ ಹೊರಟಿದ್ದ ಆದಂನ ಕೈಯಲ್ಲಿ ಕೊಟ್ಟೆ. ಜೊತೆಗೆ ಮದುವೆ ಮನೆಗೆಂದು ಎರಡು ದೊಡ್ಡ ಹಾಲಿನ ಪುಡಿ ಡಬ್ಬ. ಡಬ್ಬಗಳು ತಲುಪಿದವು. ವಾಚು ತಲುಪಲಿಲ್ಲ. ಎಲ್ಲಿಯೋ ಕಳೆದುಹೋಯಿತು ಎಂದನಂತೆ ನನ್ನ ಅಣ್ಣನ ಹತ್ತಿರ. ಮದುಮಗ ಬರಿಗೈಯಲ್ಲಿ ಹಸೆಗೆ ಕೂತ. "ನಿನ್ನ ಅಣ್ಣನ ವಾಚು ಇನ್ನೂ ಸಮುದ್ರದಲ್ಲೇ ಉಂಟಾ?" ಎಂದು ಅತ್ತೆ ಹತ್ತು ವರ್ಷ ಬೇಬಿಯನ್ನು ಕೆಣಕಿದಳು. ಆದಂ ಮತ್ತೆ ಬಹರೈನಿಗೆ ಬರಲೇ ಇಲ್ಲ. ನಾನು ಅವನಿಗೆ ಒಂದೇ ಸಾಲಿನ ಕಾಗದ ಬರೆದೆ, ಕಳ್ಳನ ಮುಖ ನಾನು ನೋಡುವುದಿಲ್ಲ ಎಂದು.

ಹೇಳುತ್ತಾ ಹೇಳುತ್ತಾ ಕಥೆಗೆ ಉಪ್ಪುಖಾರ ಸೇರಿತು. ಆದಂ ಎರಡೂ ಕೈಗೆ ವಾಚು ಕಟ್ಟಿಕೊಂಡು ಉಚ್ಚಿಲದ ಪೇಟೆಯಲ್ಲಿ ಎದೆಯುಬ್ಬಿಸಿ ನಡೆಯುವುದು, ಗಂಟೆ ಎಷ್ಟು ಎಂದರೆ ಒಂದೊಂದು ಕೈ ನೋಡಿ ಒಂದೊಂದು ಹೇಳುವುದು; ಇದನ್ನು ನಾನು ಮಾಡಿ ತೋರಿಸಿದರೆ ಗಲ್ಲಿಯ ಬಂಗಾಳಿ ಅಂಗಡಿಯವನೂ ನಗುತ್ತಾನೆ. ಕಳ್ಳ ಆದಂನ ಮೆಟ್ಟಿಲು ಎಂದೇ ಜನ ಕರೆಯುತ್ತಾರೆ.

ಆ ದಿನ ನಾನು ಮೆಟ್ಟಿಲನ್ನು ಕಾಣದವನ ಹಾಗೆ ದಾಟಿದೆ. ಈ ರೂಮಿನಲ್ಲಿ ಇದ್ದೆ ಎಂದರೆ ಯಾವ ವರ್ಷ, ಯಾರ ವೀಸಾ, ಆಮೇಲೆ ಎಲ್ಲಿಗೆ ಹೋದೆ ಎಂದು ದಾರ ಎಳೆದ ಹಾಗೆ ಎಲ್ಲ ಬಿಚ್ಚಿಕೊಳ್ಳುತ್ತದೆ. ಆದರೆ ಖುಷಿ ಅಲ್ಲೇ ನಿಂತುಬಿಟ್ಟಳು.

"ಮಾವ, ಥೀಫ್ ಸ್ಟೋರಿ! ಕಳ್ಳ ಆದಂ ಸ್ಟೋರಿ ಹೇಳಿಲ್ಲ ನೀವು!"

"ಅದು ಸುಮ್ಮನೆ ಕಟ್ಟಿದ ಕಥೆ ಪುಟ್ಟಿ. ಬಾ, ಚಿನ್ನದ ಅಂಗಡಿ ನೋಡುವ."

"ಯಾವ ಆದಂ?" ಸಫ್ನಾ ಕೇಳಿದಳು. ಸ್ವರ ತೀರಾ ಸಣ್ಣದಾಗಿತ್ತು.

"ಯಾವ ಆದಂನೂ ಇಲ್ಲ. ಮಕ್ಕಳನ್ನು ನಗಿಸ್ಲಿಕ್ಕೆ ಹೇಳುದು."

"ಕಳ್ಳ ಅಂತ ಯಾಕೆ ಹೇಳುದು ಅವರಿಗೆ?"

ಉತ್ತರ ಕೊಟ್ಟವಳು ಖುಷಿ. "ಅವನು ಮಾವನ ವಾಚ್ ಕದ್ದ! ಆಮೇಲೆ ಹೀಗೆ ನಡೀತಾನೆ, ನೋಡಿ." ಮಗು ಎರಡೂ ತೋಳು ಮುಂದೆ ಚಾಚಿ, ಎದೆಯುಬ್ಬಿಸಿ, ಕತ್ತು ಅತ್ತ ಇತ್ತ ಕುಣಿಸುತ್ತಾ ಗಲ್ಲಿಯಲ್ಲಿ ನಾಲ್ಕು ಹೆಜ್ಜೆ ಹಾಕಿತು. ನಾನು ಕಲಿಸಿದ್ದರಲ್ಲಿ ಒಂದಿಷ್ಟೂ ಬಿಟ್ಟಿರಲಿಲ್ಲ. ಹೊಸ ನರ್ಸುಗಳು ಹೊಟ್ಟೆ ಹಿಡಿದು ನಕ್ಕರು.

ಸಫ್ನಾ ನೇರ ನನ್ನೆದುರು ಬಂದು ನಿಂತಳು. "ಅಂಕಲ್, ನೀವು ಕೋಟೆಕಾರಿನ ಚೆನ್ನಪ್ಪ ಅವ್ರಾ? ಈ ಮೇಲಿನ ರೂಮಲ್ಲಿ ಇದ್ದವರು?"

ಊರು ಗೊತ್ತು, ರೂಮು ಗೊತ್ತು. ಫೈಲು ಪೂರ್ತಿ ಓದಿಕೊಂಡೇ ಬಂದಿದ್ದಾಳೆ.

"ಒಮ್ಮೆ ನಿಮ್ಮ ಸಿಪಿಆರ್ ತೋರಿಸ್ತೀರಾ?"

"ಯಾವ ಚೆನ್ನಪ್ಪ? ನನಗೆ ಆ ಹೆಸರಿನವರು ಯಾರೂ ಗೊತ್ತಿಲ್ಲ. ನಾನು ಮಾಧವ."

"ಖಂಡಿತಾ?"

"ನನ್ನ ಹೆಸರು ನನಗೆ ಗೊತ್ತಿಲ್ವಾ ಮಾರಾಯ್ತಿ?"

ಅವಳು ಒಂದು ಕ್ಷಣ ಮೆಟ್ಟಿಲನ್ನೂ ನನ್ನನ್ನೂ ನೋಡಿದಳು. "ಸಾರಿ ಅಂಕಲ್," ಎಂದು ಚೀಲವನ್ನು ಇನ್ನಷ್ಟು ಒತ್ತಿಕೊಂಡು ಬಂದ ದಾರಿಯಲ್ಲೇ ಹಿಂದೆ ಹೊರಟಳು. ಲಿಲಿಯನ್ನಿಗೆ ನನ್ನ ಹೆಸರು ಇಪ್ಪತ್ತು ವರ್ಷದಿಂದ ಗೊತ್ತು. ಬಾಯಿ ತೆರೆದು ನನ್ನನ್ನು ನೋಡಿದಳು, ಆಮೇಲೆ ಸಫ್ನಾಳ ಹಿಂದೆಯೇ ಹೋದಳು.

ನನಗೆ ಜೀವ ಬಂದಂತಾಯಿತು. ಅಲ್ಲೇ ನಿಂತು ಸಫ್ನಾಳ ನಂಬರನ್ನು ಬ್ಲಾಕ್ ಮಾಡಿದೆ. ಚಿನ್ನದ ಅಂಗಡಿಗಳ ಎದುರು ಎಂದಿಗಿಂತ ಜೋರಾಗಿ ಮಾತಾಡಿದೆ. ನನ್ನ ಬುದ್ಧಿಗೆ ನಾನೇ ಬೆನ್ನು ತಟ್ಟಿಕೊಂಡೆ.

ನಡಿಗೆ ಮುಗಿಯುವುದು ಕರಕ್ ಚಹಾದ ಅಂಗಡಿಯಲ್ಲಿ. ಉಳಿದವರು ಹೊರಟ ಮೇಲೆ ಲಿಲಿಯನ್ ಬಂದಳು. ನನ್ನೆದುರು ಕುರ್ಚಿ ಎಳೆದು ಕೂತು, ನನ್ನ ಲೋಟವನ್ನೇ ಎತ್ತಿ ಒಂದು ಗುಟುಕು ಕುಡಿದಳು.

"ಏನು ಮಾಧವಣ್ಣ, ಚಹಾ ರುಚಿಯಾಗ್ತಾ ಉಂಟಾ?"

"ಸುಮ್ಮನಿರು. ಅವಳು ಲೇಬರಿನವಳು. ಅವಾಲಿಯಲ್ಲೂ ವಿಚಾರಿಸಿದ್ದಾಳೆ."

"ಅವಳು ಆದಂನ ಮಗಳು."

ನಾನು ಅತ್ತಿತ್ತ ನೋಡಿ ಕುರ್ಚಿಯನ್ನು ಅವಳ ಹತ್ತಿರಕ್ಕೆ ಎಳೆದೆ.

"ಅಪ್ಪ ತೀರಿ ಎರಡು ತಿಂಗಳಾಯ್ತಂತೆ. ನೌಫಲ್ ಅಂತ ತಮ್ಮ ಇಲ್ಲಿದ್ದಾನೆ, ಅವನ ಮನೆಗೆ ವಿಸಿಟ್‌ನಲ್ಲಿ ಬಂದದ್ದು. ಬಂದ ದಿನದಿಂದ ನಿಮ್ಮನ್ನೇ ಹುಡುಕುದು. ಮೂರು ಚೆನ್ನಪ್ಪರನ್ನು ನೋಡಿ ಆಯ್ತಂತೆ. ಹಳೆಯ ಮನಾಮ ಗೊತ್ತಿದ್ದವರು ಅಂತ ಯಾರೋ ನಿಮ್ಮ ನಂಬರು ಕೊಟ್ರಂತೆ. ಚೀಲದಲ್ಲಿ ವಾಚುಂಟು. ನಾನು ನೋಡ್ದೆ."

"ವಾಚು ಯಾರು ಬೇಕಾದ್ರೂ ತರಬಹುದು. ನನ್ನ ಬಾಯಿಂದ ಹೆಸರು ಹೊರಡಿಸ್ಲಿಕ್ಕೆ ಮಾಡಿದ ಉಪಾಯ ಇರಬಹುದು. ನಿನಗೆ ಅವಳು ಕಾರ್ಡು ತೋರಿಸಿದ್ಲಾ?"

"ಚೆನ್ನಪ್ಪಣ್ಣ, ನಿಮಗೆ ಆಸ್ಪತ್ರೆಯಲ್ಲಿ ರಕ್ತ ತೆಗೆದ್ರೂ ಅದನ್ನು ಎಲ್ಲಿಗೆ ಕೊಂಡೋಗ್ತೀರಿ ಅಂತ ಕೇಳುವ ಜಾತಿ ನೀವು. ಕೇಳಿ ಮೊದ್ಲು." ಅವಳು ಲೋಟ ಕೆಳಗಿಟ್ಟಳು. "ಅವತ್ತು ಏರ್‌ಪೋರ್ಟಲ್ಲಿ ಆದಂನ ಚೀಲ ತೂಕ ಜಾಸ್ತಿ ಬಂತಂತೆ. ಅವನ ಸ್ವಂತ ಸಾಮಾನು ತೆಗೆದು ಹಾಕಿದ್ರೂ ಸಾಲಲಿಲ್ಲ. ಕೈಚೀಲವೂ ಭಾರ. ಹಿಂದೆ ಕಾಸರಗೋಡು ಕಡೆಯ ಹಲೀಮಮ್ಮ ಅಂತ ಒಬ್ರು ಮೂರು ಮಕ್ಕಳನ್ನು ಕಟ್ಕೊಂಡು ನಿಂತಿದ್ರಂತೆ. ಬೊಂಬಾಯಿ ತನಕ ಇದೊಂದು ಹಿಡ್ಕೊಳ್ಳಿ, ಇಳಿದ ಮೇಲೆ ತಕೊಳ್ತೇನೆ ಅಂತ ತನ್ನ ಸಾಬೂನಿನ ಕಟ್ಟು ಅವರಿಗೆ ಕೊಟ್ಟ; ವಾಚೂ ಅದರೊಳಗೇ ಇತ್ತಂತೆ. ಬೊಂಬಾಯಲ್ಲಿ ಆ ಗಲಾಟೆಯಲ್ಲಿ ಅವರು ಕಾಣಲಿಲ್ಲ. ಇಡೀ ದಿನ ಅಲ್ಲೇ ಕಾದನಂತೆ."

ಇದು ಸುಳ್ಳಲ್ಲ. ಇಂಥ ಸುಳ್ಳು ಇನ್‌ಸ್ಪೆಕ್ಟರಿಗೆ ಹೊಳೆಯುವುದಿಲ್ಲ. ಗಲ್ಫಿನ ಸಾಲಿನಲ್ಲಿ ನಿಂತು, ತಕ್ಕಡಿಯ ಮುಳ್ಳು ಮೇಲೇರುವಾಗ ಎದೆ ಹೊಡೆದುಕೊಂಡವರಿಗೆ ಮಾತ್ರ ಗೊತ್ತು, ಹಿಂದೆ ನಿಂತ ಅಪರಿಚಿತನ ಕೈಗೆ ಹೇಗೆ ಕಟ್ಟು ದಾಟಿಸುತ್ತೇವೆ ಎಂದು. ನಾನೇ ಎಷ್ಟು ಸಲ ಮಾಡಿದ್ದೇನೆ. ಯಾರದೋ ಖರ್ಜೂರ ನಾನು ಹೊತ್ತಿದ್ದೇನೆ, ನನ್ನ ಅತ್ತರಿನ ಬಾಟಲಿ ಯಾರೋ ಹೊತ್ತಿದ್ದಾರೆ. ಹೆಸರನ್ನೂ ಕೇಳುವುದಿಲ್ಲ.

ಮತ್ತೆ ತೂಕ. ಇಪ್ಪತ್ತು ಕಿಲೋದ ಒಳಗೆ ನಾಲ್ಕು ಸಲ ತೂಗಿ ಕಟ್ಟಿದ್ದ ಚೀಲ ಅದು. ಟ್ಯಾಕ್ಸಿ ಬಂದು ಕೆಳಗೆ ಹಾರ್ನ್ ಹೊಡೆಯುವಾಗ, ಅವನು ಬೇಡ ಮಾರಾಯ, ಆಗುದಿಲ್ಲ ಎನ್ನುತ್ತಿದ್ದಾಗ, ಆ ಮೆಟ್ಟಿಲಿನ ಮೇಲೆಯೇ ಚೀಲದ ಬಾಯಿ ಬಿಚ್ಚಿ ಎರಡು ಹಾಲಿನ ಡಬ್ಬ ತುರುಕಿದವನು ನಾನು. ಆರು ವರ್ಷದಲ್ಲಿ ಈ ಭಾಗವನ್ನು ನಾನು ಯಾರಿಗೂ ಹೇಳಿಲ್ಲ. ಹೇಳಿದರೆ ಕಥೆಯಲ್ಲಿ ನಗು ಬರುವುದಿಲ್ಲ.

"ಈಗಿನ ವಾಚು ಆಮೇಲೆ ಅವನೇ ತಕೊಂಡದ್ದಂತೆ, ಅದೇ ಸೀಕೊ," ಎಂದಳು ಲಿಲಿಯನ್. "ನೀವು ಊರಿಗೆ ಹೋದಾಗ ಎರಡು ಸಲ ಬಂದಿದ್ದಾನೆ. ನಿಮ್ಮ ಅಣ್ಣ ಗೇಟಿಂದಲೇ ಓಡಿಸಿದ್ರಂತೆ. ಇನ್ನು ಯಾರ ಕೈಯಲ್ಲೂ ಕಳಿಸಬೇಡ, ಚೆನ್ನಪ್ಪನ ಕೈಗೇ ಕೊಡು, ಕಾರ್ಡು ನೋಡಿ ಕೊಡು ಅಂತ ಮಗಳಿಗೆ ಹೇಳಿ ಸತ್ತ."

"ನನ್ನ ಹೆಸರು ಹೇಳಿದ್ಯಾ ನೀನು?"

"ನಾನ್ಯಾಕೆ ಹೇಳ್ಲಿ? ನಿಮ್ಮ ರೂಲ್ಸ್ ಉಂಟಲ್ಲ. ಅವಳಿಗೆ ಗೊತ್ತು ನೀವೇ ಅಂತ. ಆದ್ರೆ ಎಂತ ಹೇಳಿದ್ಲು ಗೊತ್ತುಂಟಾ? ‘ಚೆನ್ನಪ್ಪ ಅಲ್ಲ ಅಂತ ಹೇಳಿದವರಿಗೆ ನಾನು ಹೇಗೆ ಕೊಡ್ಲಿ ಆಂಟಿ’ ಅಂದ್ಲು. ಮಧ್ಯಾಹ್ನ ಫ್ಲೈಟ್. ಬಾಬ್ ಹತ್ರ ತಮ್ಮನ ಕಾರಿಗೆ ಕಾಯ್ತಾ ಇದ್ದಾಳೆ."

ನಾನು ಎದ್ದೆ. ನಿಜ ಹೇಳಬೇಕೆಂದರೆ ಆಗಲೂ ನನಗೆ ಪೂರ್ತಿ ನಂಬಿಕೆ ಇರಲಿಲ್ಲ. ಸೂಕಿನ ಗಲ್ಲಿಗಳಲ್ಲಿ ಬಂದ ದಾರಿಯಲ್ಲೇ ಹಿಂದಕ್ಕೆ ಓಡುನಡಿಗೆಯಲ್ಲಿ ಹೋಗುವಾಗಲೂ ಹಳೆಯ ಸಂಶಯ ಹೇಳುತ್ತಲೇ ಇತ್ತು: ಕಾರ್ಡು ಕೈಗೆ ಕೊಟ್ಟ ಕೂಡಲೇ ಕಂಬದ ಮರೆಯಿಂದ ಇಬ್ಬರು ಬರುತ್ತಾರೆ, ಲಿಲಿಯನ್ನಿಗೂ ಟೋಪಿ ಹಾಕಿದ್ದಾರೆ. ನಡುದಾರಿಯಲ್ಲಿ ಬ್ಲಾಕ್ ತೆಗೆದು, ‘ಹೋಗಬೇಡಿ’ ಎಂದು ಬರೆದೆ.

ಅವಳು ಕಮಾನಿನ ಕೆಳಗಿನ ಕಟ್ಟೆಯಲ್ಲಿ ಕೂತಿದ್ದಳು. ನಾನು ಅಂಗಿಯ ಜೇಬಿನಿಂದ ಕಾರ್ಡು ತೆಗೆದು ಚಾಚಿದೆ. ಅವಳು ತೆಗೆದುಕೊಂಡು ಹೆಸರು ಓದಿದಳು. ಫೋಟೋ ನೋಡಿದಳು, ನನ್ನ ಮುಖ ನೋಡಿದಳು, ಮತ್ತೆ ಫೋಟೋ ನೋಡಿದಳು. ಅಷ್ಟು ಹೊತ್ತು ನಾನು ಕಂಬಗಳ ಕಡೆಗೇ ನೋಡುತ್ತಿದ್ದೆ. ಯಾರೂ ಬರಲಿಲ್ಲ. ಯಾರೋ ಒಬ್ಬನು ಬೆಕ್ಕಿಗೆ ಅನ್ನ ಹಾಕುತ್ತಿದ್ದ.

ಅವಳು ಕಾರ್ಡು ವಾಪಸು ಕೊಟ್ಟು ಚೀಲ ತೆರೆದಳು. ಬಿಳಿ ಬಟ್ಟೆಯ ಸಣ್ಣ ಕಟ್ಟು, ಹಳದಿಯಾಗಿದೆ. ಸೂಜಿ ಹಿಡಿದು ಗೊತ್ತಿಲ್ಲದವನ ಹೊಲಿಗೆ, ಒಂದು ದೊಡ್ಡದು ಒಂದು ಸಣ್ಣದು. ನಾನು ಪಾರ್ಸೆಲ್ ಹೊಲಿಯುವುದನ್ನು ಮೇಲಿನ ಮಂಚದಿಂದ ನೋಡುತ್ತಿದ್ದವನು ಅದೇ ಥರ ಹೊಲಿಯಲು ನೋಡಿದ್ದ. ಮೇಲೆ ಶಾಯಿಯಲ್ಲಿ ‘ಚೆನ್ನಪ್ಪನ ಕೈಗೇ’ ಎಂದು ಬರೆದಿತ್ತು.

"ನಿಮ್ಮ ಲಿಲಿಯನ್ ಆಂಟಿಗೆ ತೋರಿಸ್ಲಿಕ್ಕೆ ಒಂದು ಬದಿ ಬಿಚ್ಚಿದೆ," ಎಂದಳು.

"ಆ ತೂಕ..." ಎಂದೆ. "ಆ ಹಾಲಿನ ಡಬ್ಬ ಕೊನೆಗೆ ಹಾಕಿದ್ದು ನಾನು. ಅದರಿಂದಲೇ ತೂಕ ಜಾಸ್ತಿ ಆದದ್ದು. ನಿಮ್ಮ ಅಬ್ಬ ಹೇಳಿರಬಹುದು."

"ಇಲ್ಲ. ಚೀಲ ಭಾರ ಆಯ್ತು ಅಂತ ಮಾತ್ರ ಹೇಳ್ತಿದ್ರು. ಡಬ್ಬದ ಸಂಗತಿ ನಾನು ಈಗ ಕೇಳುದು."

ಮೂವತ್ತೆರಡು ವರ್ಷ ಅವನು ಅದನ್ನು ಹೆಂಡತಿ ಮಕ್ಕಳ ಹತ್ತಿರವೂ ಹೇಳಿರಲಿಲ್ಲ. ನಾನು ಅವನನ್ನು ಗಲ್ಲಿಯಲ್ಲಿ ಕುಣಿಸಿದ್ದೆ. ಎಲ್ಲರ ಎದುರು, ಅಷ್ಟು ದೊಡ್ಡ ಚೌಕದಲ್ಲಿ, ನನಗೆ ಅಳು ಬಂತು. ನಾಚಿಕೆಯಾಯಿತು, ಅಳು ನಿಲ್ಲಲಿಲ್ಲ.

ಅವಳು ಸಮಾಧಾನ ಮಾಡಲಿಲ್ಲ. ನಾನು ಮುಖ ಒರೆಸಿಕೊಳ್ಳುವವರೆಗೆ ಕಾದು ಕೇಳಿದಳು, "ಆ ಮಗು ನಡೆದು ತೋರಿಸ್ತಲ್ಲ. ಅದು ನೀವು ಕಲಿಸಿದ್ದಾ?"

"ಹೌದು."

"ಎಷ್ಟು ಸಮಯದಿಂದ?"

"ಆರು ವರ್ಷ. ಪ್ರತಿ ಶುಕ್ರವಾರ."

"ಅಬ್ಬನ ಹೆಸರು ಹೇಳಿಯೇ?"

"ಹೌದು."

ರಸ್ತೆಯಂಚಿನಲ್ಲಿ ಕಾರೊಂದು ಬಂದು ನಿಂತು ಹಾರ್ನ್ ಮಾಡಿತು. ಅವಳು ಎದ್ದು ಚೀಲವನ್ನು ಈಗ ಹೆಗಲಿಗೆ ಹಾಕಿಕೊಂಡಳು. "ಹಾಗಾದ್ರೆ ಸರಿ ಮಾಡಿ ಹೇಳಿ ಅಂಕಲ್. ಅದೇ ಮೆಟ್ಟಿಲಲ್ಲಿ. ನಿಮ್ಮ ಹೆಸರು ಹೇಳಿ ಹೇಳ್ಬೇಕು. ಇಷ್ಟು ವರ್ಷ ನಿಮ್ಮ ಹೆಸರು ಅಡಗಿಸಿಟ್ಟು, ನನ್ನ ಅಬ್ಬನ ಹೆಸರು ಹೇಳಿದ್ದೀರಿ."

ನಾನು ಆಗಲಿ ಎಂದೆ. ಅವಳು ನಂಬಿದಳೋ ಇಲ್ಲವೋ, ಮುಖದಿಂದ ಗೊತ್ತಾಗಲಿಲ್ಲ.

ವಾಚು ಕೈಗೆ ಕಟ್ಟಿ ಎರಡು ಸಲ ಅಲ್ಲಾಡಿಸಿದರೆ ಓಡಲು ಶುರುವಾಯಿತು. ಅದನ್ನು ಬೇಬಿಗೆ ಯಾರ ಕೈಯಲ್ಲೂ ಕಳಿಸುವುದಿಲ್ಲ, ರಜೆಯಲ್ಲಿ ನಾನೇ ಕೊಂಡುಹೋಗುತ್ತೇನೆ. ಅಲ್ಲಿಯವರೆಗೆ ನಿಲ್ಲದಿರಲಿ ಎಂದು ಕಟ್ಟಿಕೊಂಡಿದ್ದೇನೆ.

ಮರುಶುಕ್ರವಾರ ಹನ್ನೊಂದು ಜನ ಬಂದಿದ್ದರು. ಎಲ್ಲರ ಹಿಂದೆ ಒಬ್ಬ, ಇಸ್ತ್ರಿ ಮಾಡಿದ ಬಿಳಿ ಅಂಗಿ, ಕಪ್ಪು ಶೂ, ಕೈಯಲ್ಲಿ ಪ್ಲಾಸ್ಟಿಕ್ ಫೈಲು. ಯಾರ ಜೊತೆ ಬಂದದ್ದು ಎಂದು ಕೇಳಿದೆ. ಹೀಗೇ ಎಂದ. ಊರು ಕೇಳಿದೆ. ಮಂಗಳೂರು ಸೈಡ್ ಎಂದ. ಅಂಚೆಚೀಟಿಯ ಮಾತಿಗೆ ಅವನು ನಗಲಿಲ್ಲ. ಸಮೋಸವನ್ನೂ ತಿನ್ನಲಿಲ್ಲ.

ಮೆಟ್ಟಿಲಿನ ಹತ್ತಿರ ಬಂದಾಗ ನನ್ನ ಕಾಲು ತಾನಾಗಿ ಮುಂದೆ ಹೋಗಲು ನೋಡಿತು. ಲಿಲಿಯನ್ ನನ್ನನ್ನೇ ನೋಡುತ್ತಿದ್ದಳು. ನಾನು ಮೂರು ಮೆಟ್ಟಿಲು ಹತ್ತಿ ತಿರುಗಿ ನಿಂತೆ. ಬಿಳಿ ಅಂಗಿಯವನು ಫೈಲನ್ನು ಕಂಕುಳಿಗಿಟ್ಟು ಫೋನು ಎತ್ತಿ ನನ್ನ ಕಡೆ ಹಿಡಿದ. ರೆಕಾರ್ಡ್ ಮಾಡುತ್ತಿದ್ದಾನೆ ಎಂದು ಗೊತ್ತಾಯಿತು.

"ನನ್ನ ಹೆಸರು ಚೆನ್ನಪ್ಪ," ಎಂದೆ. "ಕೋಟೆಕಾರಿನವ. ಈ ಮೇಲಿನ ರೂಮಲ್ಲಿ ನನ್ನ ಜೊತೆ ಉಚ್ಚಿಲದ ಆದಂ ಅಂತ ಒಬ್ರು ಇದ್ರು. ಅವರು ಊರಿಗೆ ಹೊರಟ ದಿನ, ಬೇಡ ಬೇಡ ಅಂದ್ರೂ ಕೇಳದೆ, ಇದೇ ಮೆಟ್ಟಿಲಲ್ಲಿ ಅವರ ಚೀಲಕ್ಕೆ ನಾನು ಎರಡು ಹಾಲಿನ ಡಬ್ಬ ತುರುಕಿದೆ."